ಹಿನ್ನೀರಿನಾಚೆಯ ಮನೆಗಂದಾಯ

ಮಾರ್ಚ್ ತಿಂಗಳಲ್ಲಿ ನಮ್ಮ ಕಡೆಯ ಮನೆಗಳಿಗೆ ಇಬ್ಬರು ಬಂದರೆ ಯಾರಿಗೂ ಖುಷಿಯಾಗುವುದಿಲ್ಲ. ಒಬ್ಬ ಸೊಸೈಟಿ ಸಾಲದ ವಸೂಲಿಗೆ ಬರುವವನು, ಇನ್ನೊಬ್ಬ ಪಂಚಾಯಿತಿಯ ಬಿಲ್ ಕಲೆಕ್ಟರ್. ಈ ಎರಡನೆಯವನಾಗಿ ನಾನು ಕರೂರು ಹೋಬಳಿಯ ಪಂಚಾಯಿತಿಯೊಂದರಲ್ಲಿ ಕೆಲಸ ಮಾಡಿ ನಿವೃತ್ತನಾದವನು. ಸೇರಿದ್ದು ಮಂಡಲ ಪಂಚಾಯಿತಿಯ ಕಾಲದಲ್ಲಿ, ಬಿಟ್ಟಿದ್ದು ಕೈಗೆ ಪಿಒಎಸ್ ಯಂತ್ರ ಬಂದ ಮೇಲೆ. ಕಾಗದದ ಮೇಲೆ ನನ್ನ ಹುದ್ದೆ ‘ಕರ ವಸೂಲಿಗಾರ’. ಜನರ ಬಾಯಲ್ಲಿ ಮಾತ್ರ ಕೊನೆಯವರೆಗೂ ‘ಮನೆಗಂದಾಯದವ’.

ತುಮರಿ ಎಲ್ಲಿದೆ ಎಂದು ಗೊತ್ತಿಲ್ಲದವರಿಗೂ ಅದರ ಹತ್ತಿರದ ಸಿಗಂದೂರು ದೇವಸ್ಥಾನ ಗೊತ್ತಿರುತ್ತದೆ. ಸಾಗರ ತಾಲ್ಲೂಕಿನ ಕರೂರು ಹೋಬಳಿಯ ದೊಡ್ಡ ಊರು ತುಮರಿ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಎದ್ದ ಮೇಲೆ ಶರಾವತಿಯ ಹಿನ್ನೀರು ಹರಡಿಕೊಂಡು, ನಮ್ಮ ಸೀಮೆ ಸಾಗರದಿಂದ ಹೆಚ್ಚುಕಡಿಮೆ ಕತ್ತರಿಸಿಹೋಯಿತು. ಅಂದಿನಿಂದ ಆಸ್ಪತ್ರೆಗಾಗಲಿ, ತಾಲ್ಲೂಕು ಕಚೇರಿಗಾಗಲಿ ಹಿನ್ನೀರಿನ ದಡಕ್ಕೆ ಬಂದು ಲಾಂಚ್ ಹತ್ತಬೇಕಿತ್ತು. ಅಂಬಾರಗೋಡ್ಲು ಮತ್ತು ಕಳಸವಳ್ಳಿ ನಡುವಿನ ಸೇತುವೆ ಜನರಿಗೆ ಸಿಕ್ಕಿದ್ದು 2025ರ ಜುಲೈ 14ರಂದು. ಅರವತ್ತು ವರ್ಷ ದಾಟಿದ ಮೇಲೆ. ಈ ಭೂಗೋಳ ಹೇಳದೆ ಇಲ್ಲಿಯ ಕಂದಾಯದ ಕಥೆ ಹೇಳಲಾಗುವುದಿಲ್ಲ.

ಮೊದಲು ಒಂದು ಗೊಂದಲ ಬಿಡಿಸಿಬಿಡುತ್ತೇನೆ. ತೋಟ, ಗದ್ದೆಯ ಮೇಲಿನ ಕಂದಾಯ ಪಂಚಾಯಿತಿಯದ್ದಲ್ಲ. ಅದು ಕಂದಾಯ ಇಲಾಖೆಯದ್ದು, ಪಹಣಿಗೆ ಸೇರಿದ್ದು, ಈಗ ಗ್ರಾಮ ಆಡಳಿತ ಅಧಿಕಾರಿ ಎನ್ನಿಸಿಕೊಂಡಿರುವ ಗ್ರಾಮ ಲೆಕ್ಕಿಗರು ನೋಡಿಕೊಳ್ಳುವುದು. ಪಂಚಾಯಿತಿಗೆ ಸೇರಿದ್ದು ಮನೆ, ಅಂಗಡಿ, ಗಿರಣಿ, ಖಾಲಿ ನಿವೇಶನ ಇಂಥವು. ಅಂದರೆ ಕಟ್ಟಡಗಳು ಮತ್ತು ಕೃಷಿ ಕಂದಾಯಕ್ಕೆ ಒಳಪಡದ ಜಾಗ. 1993ರ ಪಂಚಾಯತ್ ರಾಜ್ ಅಧಿನಿಯಮದ 199ನೇ ಪ್ರಕರಣ ಈ ಅಧಿಕಾರ ಕೊಡುತ್ತದೆ. ಕೊಡುತ್ತದೆ ಅನ್ನುವುದಕ್ಕಿಂತ, ವಿಧಿಸಲೇಬೇಕು ಎನ್ನುತ್ತದೆ. ನೀರಿನ ಕರವೂ ಪಂಚಾಯಿತಿಯದ್ದೇ, ಆದರೆ ಅದರ ಲೆಕ್ಕ ಬೇರೆ. ಅದೇ ಪ್ರಕರಣದಲ್ಲಿ ಸಂತೆ ಶುಲ್ಕ, ಜಾಹೀರಾತು ಫಲಕದ ತೆರಿಗೆ, ಆಟೊ ನಿಲ್ದಾಣದ ಶುಲ್ಕ, ಗೋಮಾಳದಲ್ಲಿ ದನ ಮೇಯಿಸುವುದಕ್ಕೂ ಶುಲ್ಕ ಎಂದೆಲ್ಲ ಇದೆ. ನೀರು, ನೈರ್ಮಲ್ಯದ ವ್ಯವಸ್ಥೆ ಮಾಡಿದ್ದರೆ ಜಾತ್ರೆಗೆ ಬರುವ ಯಾತ್ರಿಕರಿಂದಲೂ ಶುಲ್ಕ ತೆಗೆದುಕೊಳ್ಳಬಹುದು. ದನ ಮೇಯಿಸುವ ಶುಲ್ಕ ಕೇಳಲು ಹೋದ ಬಿಲ್ ಕಲೆಕ್ಟರ್‌ನನ್ನು ನಾನಂತೂ ಕಂಡಿಲ್ಲ. ಕೇಳಿದ್ದರೆ ಅವನು ಊರಿಗೆ ವಾಪಸು ಬರುವುದು ಕಷ್ಟವಿತ್ತು.

ಮನೆಗೆ ಇಷ್ಟು ಎಂದು ನಿಗದಿ ಮಾಡುವುದು ಹೇಗೆ? ಕಾಯ್ದೆಯ ನಾಲ್ಕನೇ ಅನುಸೂಚಿಯಲ್ಲಿ ದರದ ಕನಿಷ್ಠ, ಗರಿಷ್ಠ ಮಿತಿಗಳಿವೆ. ಆ ಮಿತಿಯೊಳಗೆ ಎಷ್ಟು ಎಂಬುದನ್ನು ಪಂಚಾಯಿತಿ ಸಭೆ ಠರಾವು ಮಾಡಿ ತೀರ್ಮಾನಿಸಬೇಕು. ಹಳೆಯ ಕಾಲದಲ್ಲಿ ಹಂಚಿನ ಮನೆಗೆ ಇಷ್ಟು, ಹುಲ್ಲಿನ ಮನೆಗೆ ಇಷ್ಟು ಎಂದು ಕಣ್ಣಂದಾಜಿನಲ್ಲಿ ಬರೆದದ್ದೇ ಲೆಕ್ಕ. ಈಗ ಜಾಗದ ಮಾರ್ಗಸೂಚಿ ಬೆಲೆ, ಕಟ್ಟಡದ ಅಳತೆ, ಆರ್‌ಸಿಸಿಯೋ ಹಂಚೋ, ಎಷ್ಟು ವರ್ಷ ಹಳೆಯದು, ವಾಸಕ್ಕೋ ವ್ಯಾಪಾರಕ್ಕೋ ಎಲ್ಲ ನೋಡಿ ಮೌಲ್ಯ ಕಟ್ಟಬೇಕು. ಟೇಪು ಹಿಡಿದು ಹೋದ ದಿನ ಮಾತ್ರ ಮನೆಯವರ ಮುಖ ನೋಡಬೇಕು. ಜಗಲಿ ಅಳೆಯಬಾರದು, ಅಡಿಕೆ ಬೇಯಿಸುವ ಮನೆ ಲೆಕ್ಕಕ್ಕಿಲ್ಲ, ಕೊಟ್ಟಿಗೆಯಲ್ಲಿ ಇರುವುದು ದನವೇ ಹೊರತು ಮನುಷ್ಯರಲ್ಲ, ಹೀಗೆ ವಾದ. “ಹೆಂಡತಿ ಮನೆಯವರು ಬಂದಾಗಲೂ ಇಷ್ಟು ತಪಾಸಣೆ ಮಾಡಿಲ್ಲ ಮಾರಾಯ” ಎಂದು ಒಬ್ಬರು ಕಾಫಿ ಕೊಡುತ್ತಲೇ ಬೈದಿದ್ದರು.

ಅಳತೆ, ದರ್ಜೆ ಈ ಮಣ್ಣಿಗೆ ಹೊಸದೇನಲ್ಲ. ಕೆಳದಿ, ಇಕ್ಕೇರಿ ನಮ್ಮ ತಾಲ್ಲೂಕಿನವೇ. ಹದಿನೇಳನೇ ಶತಮಾನದಲ್ಲಿ ಆಳಿದ ಶಿವಪ್ಪ ನಾಯಕ ಭೂಮಿಯನ್ನು ಐದು ದರ್ಜೆ ಮಾಡಿ, ಹಲವು ವರ್ಷ ಬೆಳೆ ಬೆಳೆಸಿ ನೋಡಿ, ಸರಾಸರಿ ಹಿಡಿದು ಕಂದಾಯ ಕಟ್ಟಿದ ಎಂದು ಗೆಜೆಟಿಯರುಗಳು ಹೇಳುತ್ತವೆ. ಅಡಿಕೆ ತೋಟಕ್ಕೆ ಸಾವಿರ ಮರಕ್ಕೆ ಇಷ್ಟು ಎಂಬ ಲೆಕ್ಕ. ‘ಶಿವಪ್ಪ ನಾಯಕನ ಶಿಸ್ತು’ ಎಂದು ಇವತ್ತಿಗೂ ಹೇಳುತ್ತಾರೆ. ಮೊದಲು ನೋಡು, ಅಳೆ, ಆಮೇಲೆ ಕೇಳು ಎಂಬುದು ಅದರ ಸಾರ. ನಮ್ಮ ಪಂಚಾಯಿತಿಗಳಲ್ಲಿ ನಡೆದದ್ದು ಬಹುಪಾಲು ತಿರುಗಾಮುರುಗಾ: ನೋಡದೆ ಬರೆಯುವುದು, ಬರೆದದ್ದನ್ನು ಹತ್ತಾರು ವರ್ಷ ಮುಟ್ಟದಿರುವುದು.

ವರ್ಷದ ಲೆಕ್ಕ ಏಪ್ರಿಲ್ ಒಂದರಿಂದ ಮಾರ್ಚ್ ಮೂವತ್ತೊಂದರವರೆಗೆ. ಏಪ್ರಿಲ್‌ನಲ್ಲಿ ಹೊಸ ಬೇಡಿಕೆ ವಹಿ ತೆರೆಯುತ್ತದೆ. ಒಂದೊಂದು ಆಸ್ತಿಗೆ ಒಂದು ಸಾಲು: ಹಿಂದಿನ ಬಾಕಿ, ಈ ಸಾಲಿನ ಬೇಡಿಕೆ, ಒಟ್ಟು, ವಸೂಲಾದದ್ದು, ಉಳಿದದ್ದು. ಇದನ್ನೇ ಕಚೇರಿಯಲ್ಲಿ ಡಿಸಿಬಿ ಅನ್ನುತ್ತಾರೆ. ನಮೂನೆ 9ರಲ್ಲಿ ಆಸ್ತಿ ಯಾರದ್ದು, ಎಷ್ಟು ಅಳತೆ, ಎಷ್ಟು ತೆರಿಗೆ ಎಂಬ ವಿವರ. ನಮೂನೆ 11ರಲ್ಲಿ ಬೇಡಿಕೆ ಮತ್ತು ವಸೂಲಿ. ಜನ ‘ಒಂಬತ್ತು ಹನ್ನೊಂದು ಕೊಡಿ’ ಎಂದು ಕಚೇರಿಗೆ ಬರುವುದು ಇವಕ್ಕಾಗಿಯೇ.

ವಸೂಲಿಯ ಕೆಲಸ ಬಯಲುಸೀಮೆಯಲ್ಲಾದರೆ ಒಂದು ಬೀದಿ ಹಿಡಿದರೆ ಮುಗಿಯಬಹುದು. ನಮ್ಮಲ್ಲಿ ಬೀದಿಯೇ ಇಲ್ಲ. ಒಂದು ಮನೆ ಗುಡ್ಡದ ಬುಡದಲ್ಲಿ, ಇನ್ನೊಂದು ಹಳ್ಳದಾಚೆ, ಮೂರನೆಯದು ಕಾಡಿನ ಅಂಚಿನಲ್ಲಿ. ಮಳೆಗಾಲದಲ್ಲಿ ಹೊರಡುವ ಮಾತೇ ಇಲ್ಲ. ಹೊರಟರೂ ರಸೀದಿ ಪುಸ್ತಕ ನೆನೆದು ಕಾರ್ಬನ್ ಅಂಟಿಕೊಳ್ಳುತ್ತದೆ. ನಾನು ಪುಸ್ತಕವನ್ನು ಗೊಬ್ಬರದ ಚೀಲದ ಒಳಗಿನ ಪ್ಲಾಸ್ಟಿಕ್‌ನಲ್ಲಿ ಸುತ್ತಿ, ಅದರ ಮೇಲೆ ಕಂಬಳಿ ಕೊಪ್ಪೆ ಹಾಕಿಕೊಂಡು ಹೋಗುತ್ತಿದ್ದೆ. ದುಡ್ಡು ಸಿಗುವ ಕಾಲ ಅಡಿಕೆ ಕೊಯ್ಲು ಮುಗಿದು, ಸಾಗರದ ಮಂಡಿಯಿಂದ ಪಟ್ಟಿ ಬಂದ ಮೇಲೆ. ಜನವರಿಯಿಂದ ಮಾರ್ಚ್‌ವರೆಗೆ ಓಡಾಡಿದರೆ ಉಂಟು, ಇಲ್ಲದಿದ್ದರೆ ‘ಮುಂದಿನ ವರ್ಷ ಒಟ್ಟಿಗೆ ಕೊಡ್ತೀನಿ’. ಕೂಲಿ ಮಾಡುವವರ ಮನೆಗೆ ಮಾತ್ರ ವಾರದ ಬಟವಾಡೆಯ ಮರುದಿನವೇ ಹೋಗಬೇಕು. ಇದನ್ನು ಯಾವ ತರಬೇತಿಯಲ್ಲೂ ಹೇಳಿಕೊಡುವುದಿಲ್ಲ.

ವಸೂಲಾದ ನಗದನ್ನು ಕೈಯಲ್ಲಿಟ್ಟುಕೊಳ್ಳುವ ಹಾಗಿಲ್ಲ, ತಡಮಾಡದೆ ಪಂಚಾಯಿತಿಯ ಬ್ಯಾಂಕ್ ಖಾತೆಗೆ ಕಟ್ಟಬೇಕು. ಕಟ್ಟದೆ ಸಿಕ್ಕಿಬಿದ್ದು ಕೆಲಸ ಕಳೆದುಕೊಂಡವರಿದ್ದಾರೆ. ನಗದು ಎಂಬುದೇ ಹಾಗೆ, ಜೇಬಿನಲ್ಲಿದ್ದರೆ ಮನೆಯ ಖರ್ಚು ಅದಕ್ಕೆ ಕೈ ಚಾಚುತ್ತದೆ. ಈಗ ಯಂತ್ರ ಅಲ್ಲೇ ರಸೀದಿ ಕೊಡುತ್ತದೆ, ಫೋನಿನಲ್ಲೂ ಪಾವತಿಸಬಹುದು. ಒಳ್ಳೆಯದೇ ಆಯಿತು. ಆದರೆ ನೆಟ್‌ವರ್ಕ್‌ಗಾಗಿ ಜನ ಚಳವಳಿಯನ್ನೇ ಮಾಡಬೇಕಾದ ಸೀಮೆ ಇದು. ಯಂತ್ರವನ್ನು ಕೈಯಲ್ಲಿ ಎತ್ತಿ ಹಿಡಿದು ಗುಡ್ಡದ ನೆತ್ತಿಯಲ್ಲಿ ನಿಂತ ಬಿಲ್ ಕಲೆಕ್ಟರ್‌ನನ್ನು ಯಾರಾದರೂ ಕಂಡರೆ ನಗಬೇಡಿ.

ಕೊಡದಿದ್ದರೆ ಏನಾಗುತ್ತದೆ? ಮೊದಲು ಬಿಲ್ಲು. ಆಮೇಲೆ ಬೇಡಿಕೆ ನೋಟಿಸು. ಅದಕ್ಕೂ ಜಗ್ಗದಿದ್ದರೆ ಚರಾಸ್ತಿ ಜಪ್ತಿ ಮಾಡಿ ಹರಾಜು ಹಾಕುವ ಅಧಿಕಾರ ಕಾಯ್ದೆಯ 200ನೇ ಪ್ರಕರಣದಲ್ಲಿದೆ. ಅಧ್ಯಕ್ಷರ ದೊಡ್ಡಪ್ಪನ ಮನೆಯ ಹಂಡೆ ಜಪ್ತಿ ಮಾಡುವವರು ಯಾರು? ನನ್ನ ಅವಧಿಯಲ್ಲಿ ಒಂದು ಪಾತ್ರೆಯೂ ಹೊರಗೆ ಬಂದಿಲ್ಲ. ಕಾನೂನಿಗಿಂತ ಚುರುಕಾಗಿ ಕೆಲಸ ಮಾಡುವುದು ಬೇರೆ ಸಂಗತಿಗಳು. ಮನೆಗೆ ವಿದ್ಯುತ್ ಸಂಪರ್ಕ ಬೇಕು, ಬ್ಯಾಂಕ್ ಸಾಲ ಬೇಕು, ಅಣ್ಣತಮ್ಮಂದಿರ ಪಾಲು ಆಗಬೇಕು, ತೀರಿಕೊಂಡ ಅಪ್ಪನ ಹೆಸರಿನಿಂದ ಖಾತೆ ಬದಲಾಗಬೇಕು, ಆಗ ಹಳೆಯ ಬಾಕಿಯೆಲ್ಲ ಒಂದೇ ದಿನ ಬರುತ್ತದೆ. ಇನ್ನೊಂದು ಸುಗ್ಗಿ ಪಂಚಾಯಿತಿ ಚುನಾವಣೆ. ತೆರಿಗೆ ಬಾಕಿ ಉಳಿಸಿಕೊಂಡವರು ಅಭ್ಯರ್ಥಿಯಾಗುವಂತಿಲ್ಲ. ನಾಮಪತ್ರದ ಹಿಂದಿನ ದಿನ ಕಚೇರಿ ಬಾಗಿಲಲ್ಲಿ ಸಾಲು. ಅಷ್ಟು ವರ್ಷ ನಮ್ಮನ್ನು ಕಂಡರೆ ತೋಟಕ್ಕೆ ಇಳಿದುಬಿಡುತ್ತಿದ್ದವರು ಅವತ್ತು ತಾವೇ ಹುಡುಕಿಕೊಂಡು ಬಂದು “ನಂದು ಎಷ್ಟಿದೆ ನೋಡು” ಎನ್ನುತ್ತಿದ್ದರು.

ಆದರೆ ಬಡವರು, ಅದರಲ್ಲೂ ಮುಳುಗಡೆಯಾಗಿ ಬಂದವರು, ಬಾಕಿ ಉಳಿಸಿಕೊಂಡದ್ದು ಕಡಿಮೆ. ಇದಕ್ಕೆ ಕಾರಣ ನನಗೆ ತಿಳಿದದ್ದು ಒಬ್ಬ ಅಜ್ಜಿಯ ಮನೆಯಲ್ಲಿ. ಅವರು ಅಟ್ಟದಿಂದ ತಗಡಿನ ಟ್ರಂಕು ಇಳಿಸಿ, ಅದರೊಳಗಿನ ಸೀರೆಯ ಗಂಟು ಬಿಚ್ಚಿ, ದಾರ ಕಟ್ಟಿದ ರಸೀದಿಗಳ ಕಂತೆ ತೆಗೆದರು. ಮೇಲಿನವು ನಾನೇ ಬರೆದುಕೊಟ್ಟವು. ಅಡಿಯಲ್ಲಿದ್ದವು ಹಳದಿ ತಿರುಗಿ, ಮಡಿಕೆಯಲ್ಲಿ ಹರಿದು, ನೀಲಿ ಶಾಯಿ ಮಾಸಿದ್ದವು. ಎಲ್ಲಕ್ಕಿಂತ ಕೆಳಗಿನದ್ದರಲ್ಲಿ ಊರಿನ ಹೆಸರು ಓದಿದೆ. ಆ ಊರು ಈಗ ನೀರಿನಡಿಯಲ್ಲಿದೆ. ಲಿಂಗನಮಕ್ಕಿಯ ನೀರು 1819 ಅಡಿಗೆ ಏರಿದರೆ ಅದರ ಮೇಲೆ ಲಾಂಚ್ ಹೋಗುತ್ತದೆ. ಬೇಸಿಗೆಯಲ್ಲಿ ನೀರು ಇಳಿದಾಗ ಅಂಥ ಊರುಗಳ ಕೆಲವು ಗೋಡೆ, ಬಾವಿ ಕಟ್ಟೆ ಕಾಣುವುದುಂಟು. ಇಲ್ಲದ ಮನೆಯ ಕಂದಾಯದ ರಸೀದಿಯನ್ನು ಅವರು ಇಷ್ಟು ವರ್ಷ ಇಟ್ಟುಕೊಂಡಿದ್ದರು. “ಅವತ್ತು ಪರಿಹಾರ ಕೊಡುವಾಗ ಕಾಗದ ಕೇಳಿದ್ರು. ಇದ್ದವರಿಗೆ ಸಿಕ್ತು, ಇಲ್ದವರಿಗೆ ಇಲ್ಲ. ಅದಕ್ಕೆ ನೀನು ಬಂದಾಗ ಇಲ್ಲ ಅನ್ನದಿಲ್ಲ” ಎಂದರು.

ಅವರು ಈಗಿರುವ ಮನೆಗೆ ಹಕ್ಕುಪತ್ರವಿಲ್ಲ. ನಮ್ಮ ಕಡೆ ಇದು ಮನೆಮನೆಯ ಕಥೆ. ಮುಳುಗಡೆಯವರು ಕಾಡಂಚಿಗೆ ಬಂದು ಗುಡಿಸಲು ಹಾಕಿದರು. ಜಾಗ ಕಂದಾಯ ಇಲಾಖೆಯದ್ದೋ ಅರಣ್ಯ ಇಲಾಖೆಯದ್ದೋ ಎಂಬ ತಕರಾರು ಇನ್ನೂ ಮುಗಿದಿಲ್ಲ. 1972ರಲ್ಲಿ ಶರಾವತಿ ಕಣಿವೆಯನ್ನು ವನ್ಯಜೀವಿ ಅಭಯಾರಣ್ಯ ಎಂದು ಘೋಷಿಸಿದ ಮೇಲೆ ಗಂಟು ಇನ್ನಷ್ಟು ಬಿಗಿಯಾಯಿತು. ಸರ್ಕಾರಿ ಜಾಗದಲ್ಲಿ ಕಟ್ಟಿಕೊಂಡ ಮನೆಗಳನ್ನು ಸಕ್ರಮ ಮಾಡಲು ಭೂಕಂದಾಯ ಕಾಯ್ದೆಯ 94-ಸಿ ಪ್ರಕರಣದ ಅಡಿ ಅರ್ಜಿ ಹಾಕುವಾಗ, ಇಷ್ಟು ವರ್ಷದಿಂದ ಇಲ್ಲೇ ಇದ್ದೇವೆ ಎಂದು ತೋರಿಸಲು ಜನರ ಕೈಯಲ್ಲಿರುವುದು ಕರೆಂಟ್ ಬಿಲ್ಲು, ಮತದಾರರ ಪಟ್ಟಿ ಮತ್ತು ನಮ್ಮ ರಸೀದಿ. ಒಂದು ಮಾತನ್ನು ಮಾತ್ರ ಖಂಡಿತವಾಗಿ ತಿಳಿದುಕೊಂಡಿರಬೇಕು: ಮನೆಗಂದಾಯ ಕಟ್ಟಿದ ಮಾತ್ರಕ್ಕೆ ಜಾಗದ ಒಡೆತನ ಬರುವುದಿಲ್ಲ. ಪಂಚಾಯಿತಿ ಕಟ್ಟಡದ ಮೇಲೆ ತೆರಿಗೆ ಹಾಕಿತು ಅಷ್ಟೆ. ಜಾಗ ಯಾರದ್ದು ಎಂದು ತೀರ್ಪು ಕೊಡುವ ಅಧಿಕಾರ ಅದಕ್ಕಿಲ್ಲ. ಈ ಮಾತನ್ನು ಆ ಅಜ್ಜಿಗೆ ಹೇಳಲು ಹೊರಟು ಸುಮ್ಮನಾದೆ. ಅವರಿಗೆ ಗೊತ್ತಿತ್ತು ಎಂದು ಈಗ ಅನ್ನಿಸುತ್ತದೆ. ಅವರು ಕಟ್ಟುತ್ತಿದ್ದದ್ದು ಒಡೆತನಕ್ಕಲ್ಲ, ಇಲ್ಲಿದ್ದೇವೆ ಎಂಬುದಕ್ಕೆ.

2013ರಲ್ಲಿ ಪಂಚಾಯಿತಿ ಆಸ್ತಿಗಳ ದಾಖಲೆಗೆ ಇ-ಸ್ವತ್ತು ತಂತ್ರಾಂಶ ಬಂತು. ಕೈಬರಹದ ಒಂಬತ್ತು, ಹನ್ನೊಂದಕ್ಕೆ ಬೆಲೆ ಹೋಗಿ, ಕಂಪ್ಯೂಟರಿನಿಂದ ಬಂದದ್ದಕ್ಕೆ ಮಾತ್ರ ನೋಂದಣಿ ಕಚೇರಿಯಲ್ಲಿ ಮಾನ್ಯತೆ. ಒಂದೇ ನಿವೇಶನವನ್ನು ನಾಲ್ಕು ಜನಕ್ಕೆ ಮಾರುವ ಮೋಸ ತಡೆಯಲು ಇದು ಬೇಕಿತ್ತು. ದಾಖಲೆ ಸರಿಯಿದ್ದವರಿಗೆ ನಮೂನೆ 9 ಮತ್ತು 11-ಎ, ಇಲ್ಲದವರಿಗೆ 11-ಬಿ. ಬೆಂಗಳೂರಿನ ಸುತ್ತಲಿನ ಬಡಾವಣೆಗಳನ್ನು ಮನಸ್ಸಿನಲ್ಲಿಟ್ಟು ಮಾಡಿದ ಈ ವಿಂಗಡಣೆ ನಮ್ಮ ಕಾಡಿನ ಮನೆಗಳಿಗೆ ಸರಿಹೊಂದಲೇ ಇಲ್ಲ. ಗ್ರಾಮಠಾಣದ ಗೆರೆಯೊಳಗೆ ಇರುವ ಮನೆ ನಮ್ಮಲ್ಲಿ ಎಷ್ಟು? ತೋಟದ ತಲೆಯಲ್ಲಿ ಮನೆ ಕಟ್ಟುವುದು ಮಲೆನಾಡಿನ ಕ್ರಮ.

ಇನ್ನು ದುಡ್ಡು ಎಲ್ಲಿಗೆ ಹೋಗುತ್ತದೆ. ರಸೀದಿಯಲ್ಲಿ ತೆರಿಗೆಯ ಕೆಳಗೆ ಸಣ್ಣ ಸಣ್ಣ ಮೊತ್ತಗಳು ಬರೆದಿರುತ್ತವೆ, ಯಾರೂ ಓದುವುದಿಲ್ಲ. ಅವು ಉಪಕರಗಳು. ನನ್ನ ಕಾಲದಲ್ಲಿ ನೂರು ರೂಪಾಯಿ ತೆರಿಗೆಗೆ ಆರೋಗ್ಯಕ್ಕೆ 15, ಶಿಕ್ಷಣಕ್ಕೆ 10, ಗ್ರಂಥಾಲಯಕ್ಕೆ 6, ಭಿಕ್ಷುಕರ ಪುನರ್ವಸತಿಗೆ 3 ಎಂದು ಮೇಲೆ ಸೇರುತ್ತಿತ್ತು. ಒಟ್ಟು 34. ಇದನ್ನು ನಾವು ವಸೂಲು ಮಾಡುವುದು, ಇಟ್ಟುಕೊಳ್ಳುವುದಲ್ಲ. ಆಯಾ ಇಲಾಖೆಗೆ ಕಳಿಸಬೇಕು. ಊರಿನಲ್ಲಿ ಪುಸ್ತಕದ ಮನೆ ಇಲ್ಲದ ಕಾಲದಲ್ಲೂ ನಾನು ಗ್ರಂಥಾಲಯ ಕರ ಎತ್ತಿದ್ದೇನೆ. ಭಿಕ್ಷುಕರ ಕರದ ಬಗ್ಗೆ ಹೆಚ್ಚು ಪ್ರಶ್ನೆ ಬರುತ್ತಿತ್ತು. “ನಮ್ಮೂರಿಗೆ ಲಾಂಚ್ ಹತ್ತಿಕೊಂಡು ಯಾವ ಭಿಕ್ಷುಕ ಬರ್ತಾನೆ?” ಎಂದರೆ ನನ್ನ ಬಳಿ ಉತ್ತರವಿರಲಿಲ್ಲ.

ಪಂಚಾಯಿತಿಗೆ ಉಳಿಯುವ ಮೂಲ ತೆರಿಗೆಯಲ್ಲಿ ಶೇಕಡಾ 40 ಆಗ ಸಿಬ್ಬಂದಿ ಸಂಬಳಕ್ಕೆ ಹೋಗುತ್ತಿತ್ತು. ಅಂದರೆ ನನ್ನ ಸಂಬಳ ನಾನೇ ಎತ್ತಬೇಕಿತ್ತು. ಮಳೆಗಾಲದಲ್ಲಿ ವಸೂಲಿಯಿಲ್ಲ, ಆದ್ದರಿಂದ ಸಂಬಳವೂ ಇಲ್ಲ. ತಿಂಗಳುಗಟ್ಟಲೆ ಸಂಬಳವಿಲ್ಲದೆ ನಾನೂ ನೀರುಗಂಟಿಯೂ ಅಂಗಡಿ ಸಾಲದಲ್ಲಿ ದಿನ ದೂಡಿದ್ದುಂಟು. ಪಂಚಾಯಿತಿಯ ಹೆಸರು ಬೇಡ, ಆಗ ಎಲ್ಲ ಕಡೆಯೂ ಅದೇ ಗತಿ. ಆಮೇಲೆ ಸರ್ಕಾರ ಅನುದಾನದಿಂದ ನೇರವಾಗಿ ಖಾತೆಗೆ ಹಾಕತೊಡಗಿದ ಮೇಲೆ ಉಸಿರಾಡುವಂತಾಯಿತು.

ಉಳಿದದ್ದರಲ್ಲಿ ಬೀದಿದೀಪ, ನೀರಿನ ಪಂಪಿನ ರಿಪೇರಿ, ಚರಂಡಿ, ಕಚೇರಿ ಖರ್ಚು. ಕೇಂದ್ರದ ಹಣಕಾಸು ಆಯೋಗದ ಹಣ ಬರುತ್ತದಲ್ಲ ಎನ್ನಬಹುದು. ಹದಿನೈದನೇ ಹಣಕಾಸು ಆಯೋಗದ ಅನುದಾನದಲ್ಲಿ ಶೇಕಡಾ 60ನ್ನು ಕುಡಿಯುವ ನೀರು ಮತ್ತು ನೈರ್ಮಲ್ಯಕ್ಕೇ ಕಟ್ಟಿಹಾಕಿದ್ದರು. ಆ ಪಾಲಿನಲ್ಲಿ ಸಂಕ ಹಾಕುವ ಹಾಗಿರಲಿಲ್ಲ. ಜೂನ್‌ನಲ್ಲಿ ಹಳ್ಳ ಬಂದು ಕಾಲುಸಂಕ ಕೊಚ್ಚಿಹೋಗಿ ಮಕ್ಕಳು ಶಾಲೆಗೆ ಹೋಗಲಾಗದಿದ್ದರೆ, ಯಾರನ್ನೂ ಕೇಳದೆ ಮರುದಿನವೇ ಖರ್ಚು ಮಾಡಲು ಪಂಚಾಯಿತಿಗೆ ಇರುವುದು ಸ್ವಂತ ತೆರಿಗೆ ಒಂದೇ. ಅಮೆರಿಕದಲ್ಲಿರುವ ನಮ್ಮ ಕಡೆಯ ಹುಡುಗನೊಬ್ಬ ಊರಿಗೆ ಬಂದಾಗ ಹೇಳಿದ್ದ, ಅಲ್ಲಿ ಊರಿನ ಶಾಲೆ ನಡೆಯುವುದೇ ಬಹುಮಟ್ಟಿಗೆ ಮನೆ ತೆರಿಗೆಯಿಂದ, ಕಟ್ಟದಿದ್ದರೆ ಮನೆಯನ್ನೇ ಮಾರಿಬಿಡುತ್ತಾರೆ ಎಂದು. ಅವರಪ್ಪ ಅವತ್ತೇ ಎರಡು ವರ್ಷದ ಬಾಕಿ ಕೊಟ್ಟರು. ಮಗನ ಮಾತಿಗೆ ಹೆದರಿಯೋ, ಮಗನೆದುರು ಮರ್ಯಾದೆಗೋ ಗೊತ್ತಿಲ್ಲ.

ಕಹಿ ಮಾತೊಂದಿದೆ. ಪಂಚಾಯಿತಿಗಳು ಬಡವಾಗಿರುವುದಕ್ಕೆ ಜನ ಕೊಡದಿರುವುದಕ್ಕಿಂತ ಪಂಚಾಯಿತಿ ಕೇಳದಿರುವುದೇ ದೊಡ್ಡ ಕಾರಣ. ದರ ಏರಿಸುವ ವಿಷಯ ಸಭೆಗೆ ಬಂದಾಗಲೆಲ್ಲ ‘ಮುಂದಿನ ಸಭೆಗೆ’ ಎಂದು ಬರೆದದ್ದನ್ನು ನಾನು ಕಂಡಿದ್ದೇನೆ. ಸದಸ್ಯರನ್ನು ಬೈದು ಉಪಯೋಗವಿಲ್ಲ. ವಿಧಾನಸಭೆಯಲ್ಲಿ ತೆರಿಗೆ ಹಾಕಿದವನಿಗೆ ಮತದಾರ ದಿನಾ ಎದುರಾಗುವುದಿಲ್ಲ, ಇವರಿಗೆ ಹಾಲಿನ ಡೇರಿಯಲ್ಲೇ ಎದುರಾಗುತ್ತಾನೆ. ಹಾಗಾಗಿ ಹಂಚಿನ ಮನೆಯ ಜಾಗದಲ್ಲಿ ಎರಡು ಅಂತಸ್ತು ಎದ್ದರೂ ವಹಿಯಲ್ಲಿ ಹಂಚಿನ ಮನೆಯೇ ಉಳಿಯುತ್ತದೆ.

ಈಗ ಸೇತುವೆ ಬಂದಿದೆ. ಲಾಂಚಿಗೆ ಗಂಟೆಗಟ್ಟಲೆ ಕಾಯುತ್ತಿದ್ದ ಕಾರುಗಳು ನೇರ ಬರುತ್ತವೆ. ಸಿಗಂದೂರಿಗೆ ಬರುವವರು ಹೆಚ್ಚಾದರು, ಹಿನ್ನೀರಿನ ಅಂಚಿಗೆ ಹೋಂಸ್ಟೇಗಳು, ಊಟದ ಮನೆಗಳು ಬರುತ್ತಿವೆ. ಜಾಗದ ಬೆಲೆ ಕೇಳಿದರೆ ಹಳಬರಿಗೆ ತಲೆ ತಿರುಗುತ್ತದೆ. ಕಸವೂ ಬರುತ್ತಿದೆ, ಅದನ್ನು ಎತ್ತುವವರು ಪಂಚಾಯಿತಿಯವರೇ. ವಾಸದ ಮನೆ ಎಂದು ಖಾತೆಯಲ್ಲಿರುವ ಕಟ್ಟಡದಲ್ಲಿ ಕೋಣೆ ಬಾಡಿಗೆಗೆ ಕೊಟ್ಟು ವ್ಯಾಪಾರ ನಡೆಸಿದರೆ ಅದನ್ನು ಹೊಸದಾಗಿ ಅಳೆದು, ಬಳಕೆಗೆ ತಕ್ಕ ದರ ಹಾಕಬೇಕು. ಹೊರಗಿನಿಂದ ಬಂದು ಜಾಗ ಕೊಂಡವರಿಗೂ ಊರಿನವರಿಗೂ ಒಂದೇ ಟೇಪು ಹಿಡಿಯಬೇಕು. ಇದನ್ನು ಈಗ ಮಾಡದಿದ್ದರೆ, ಸೇತುವೆಯ ಲಾಭ ಖಾಸಗಿಯವರಿಗೆ, ಅದರ ಕಸ ಪಂಚಾಯಿತಿಗೆ ಎಂದಾಗುತ್ತದೆ. ಹಕ್ಕುಪತ್ರವಿಲ್ಲದ ಮನೆಯ ಅಜ್ಜಿ ತಪ್ಪದೆ ಕಟ್ಟುತ್ತಾ ಬಂದ ತೆರಿಗೆಯನ್ನು, ಹಿನ್ನೀರು ತೋರಿಸಿ ದುಡ್ಡು ಮಾಡುವವರು ತಪ್ಪಿಸಿಕೊಂಡರೆ ಅದು ಅನ್ಯಾಯ.

ಓದುಗರಲ್ಲಿ ಒಂದು ಕೋರಿಕೆ. ನಿಮ್ಮ ಊರು ಯಾವುದೇ ಇರಲಿ, ರಸೀದಿ ಕೈಗೆ ಬಂದ ಕೂಡಲೇ ಮಡಚಿ ಇಡಬೇಡಿ. ಆಸ್ತಿ ಸಂಖ್ಯೆ, ಹೆಸರು, ಯಾವ ಸಾಲಿನದ್ದು, ಹಿಂದಿನ ಬಾಕಿ ಎಷ್ಟು ತೋರಿಸಿದ್ದಾರೆ ಓದಿ. ತಪ್ಪಿದ್ದರೆ ಪಂಚಾಯಿತಿಗೆ ಬರವಣಿಗೆಯಲ್ಲೇ ಕೊಡಿ, ಬಾಯಿಮಾತಿಗೆ ಕಚೇರಿಯಲ್ಲಿ ದಾಖಲೆಯಿಲ್ಲ. ಮತ್ತೆ, ಪ್ರತಿವರ್ಷ ಆಗಸ್ಟ್ 16ರಿಂದ ಸೆಪ್ಟೆಂಬರ್ 15ರೊಳಗೆ ಗ್ರಾಮ ಪಂಚಾಯಿತಿಯಲ್ಲಿ ಜಮಾಬಂದಿ ನಡೆಯುತ್ತದೆ. ಹಿಂದಿನ ವರ್ಷದ ಲೆಕ್ಕಪತ್ರ, ಕಾಮಗಾರಿ ಎಲ್ಲವನ್ನೂ ಜನರ ಎದುರು ತೆರೆದಿಡಬೇಕಾದ ದಿನ ಅದು. ನಮ್ಮ ಕಡೆ ಆ ಹೊತ್ತಿಗೆ ಮಳೆ ಜೋರು, ಕೊಳೆರೋಗಕ್ಕೆ ಔಷಧಿ ಹೊಡೆಯುವ ಗಡಿಬಿಡಿ, ಬರುವವರು ಬೆರಳೆಣಿಕೆ. ಆದರೂ ಹೋಗಿ. ಬೇಡಿಕೆ ಎಷ್ಟು, ವಸೂಲಿ ಎಷ್ಟು, ಬಾಕಿ ಯಾರದ್ದು ಎಂದು ಕೇಳಿ. ಕೇಳಿದರೆ ವಹಿ ತೆಗೆದು ತೋರಿಸಲೇಬೇಕು.